ಓಡಿಹೋದವಳ ವಂಶವೃಕ್ಷ

ಫೋನ್ ಮೊದಲು ಬಂತೋ ಫೈಲ್ ಮೊದಲು ಬಂತೋ ನನಗೀಗ ಖಚಿತವಿಲ್ಲ. ಮೊದಲು ಫೋನ್ ಮಾಡಿದ್ದು ತಾನು ಎನ್ನುತ್ತಾರೆ ಈ ಪ್ರಕರಣದ ಪೊಲೀಸ್ ಡಿಟೆಕ್ಟಿವ್. ನನ್ನ ನೆನಪಿನಲ್ಲಿ ಅವರ ದನಿ ಕೇಳುವ ಹೊತ್ತಿಗೆ ನಾನು ಆ ಮೂಳೆಗಳ ಫೋಟೋಗಳನ್ನು ನೋಡಿ ಮುಗಿಸಿದ್ದೆ. ಇಬ್ಬರಲ್ಲಿ ಒಬ್ಬರು ತಪ್ಪು. ಈ ಬರಹದಲ್ಲಿ ಇಂಥವು ಇನ್ನೂ ಇವೆ. ಸರಿಪಡಿಸಲು ಹೋಗಿಲ್ಲ.

2020ರ ಶರತ್ಕಾಲ. ಕೋವಿಡ್‌ನಿಂದಾಗಿ ಆಫೀಸು ಮುಚ್ಚಿತ್ತು. ಅಮೆರಿಕದ ಫೇರ್‌ಫ್ಯಾಕ್ಸ್‌ನ ನಮ್ಮ ಮನೆಯ ಊಟದ ಮೇಜಿನ ಮೇಲೆ ಎರಡು ಮಾನಿಟರ್ ಇಟ್ಟುಕೊಂಡು ಕೆಲಸ ಮಾಡುತ್ತಿದ್ದೆ. ನಮ್ಮದು ಚಿಕ್ಕ ಕಂಪನಿ. ಹಳೆಯ ಕೊಲೆ ಪ್ರಕರಣಗಳಲ್ಲಿ ಉಳಿದ ರಕ್ತ, ಕೂದಲು, ಮೂಳೆಗಳಿಂದ ತೆಗೆದ ಡಿಎನ್‌ಎಯನ್ನು ಪೊಲೀಸರು ನಮಗೆ ಕಳಿಸುತ್ತಾರೆ. ಸಾಮಾನ್ಯ ಜನ ತಮ್ಮ ಪೂರ್ವಜರನ್ನು ಹುಡುಕಲೆಂದು ಡಿಎನ್‌ಎ ಸೇರಿಸಿಟ್ಟ ಭಂಡಾರಗಳಿವೆ. ಪೊಲೀಸರು ನೋಡಬಹುದು ಎಂದು ಒಪ್ಪಿಗೆ ಕೊಟ್ಟವರ ಡಿಎನ್‌ಎ ಜೊತೆ ನಾವು ಇದನ್ನು ಹೋಲಿಸುತ್ತೇವೆ. ಯಾರೋ ಒಬ್ಬ ದೂರದ ಸಂಬಂಧಿ ಸಿಗುತ್ತಾನೆ. ಅವನ ಮುತ್ತಜ್ಜನವರೆಗೆ ಮೇಲೆ ಹತ್ತಿ, ಅಲ್ಲಿಂದ ಕೊಂಬೆ ಕೊಂಬೆಯಾಗಿ ಕೆಳಗಿಳಿದು, ಹೆಸರಿಲ್ಲದ ಆ ಒಬ್ಬರನ್ನು ತಲುಪುವುದು ನನ್ನ ಕೆಲಸ.

ಈ ಬಾರಿ ಹೆಸರಿಲ್ಲದವಳು ಒಬ್ಬ ಹೆಂಗಸು. ತೊಂಬತ್ತರ ದಶಕದಲ್ಲಿ, ಸೌತ್ ಕ್ಯಾರೊಲಿನಾದ ಒಂದು ಹೆದ್ದಾರಿ ಸೇತುವೆಯ ಕೆಳಗೆ, ಕುಡ್ಜು ಬಳ್ಳಿ ಕಡಿಯಲು ಹೋದವರಿಗೆ ಸಿಕ್ಕಿದ್ದಳು. ಆ ಬಳ್ಳಿ ಅಲ್ಲಿ ಕಂಬ, ಮರ, ಬಿಟ್ಟುಹೋದ ಕಾರು ಎಲ್ಲವನ್ನೂ ಹೊದ್ದುಕೊಂಡು ಬೆಳೆಯುತ್ತದೆ. ವಯಸ್ಸು ಇಪ್ಪತ್ತರಿಂದ ಮೂವತ್ತರ ಒಳಗೆ. ಗಂಟಲಿನ ಸಣ್ಣ ಮೂಳೆ ಮುರಿದಿತ್ತು, ಅಂದರೆ ಯಾರೋ ಕತ್ತು ಹಿಸುಕಿದ್ದರು. ತಲೆಬುರುಡೆ ನೋಡಿ ಮೊದಲು ಮೆಕ್ಸಿಕೋ ಕಡೆಯವಳು ಎಂದು ಬರೆದರು. ಆಮೇಲೆ ಯಾರೋ ಅದನ್ನು ಹೊಡೆದುಹಾಕಿ ಅಮೆರಿಕದ ಮೂಲನಿವಾಸಿ ಎಂದು ಬರೆದರು. ಕೌಂಟಿಯವರು, ಅಂದರೆ ಅಲ್ಲಿನ ಜಿಲ್ಲಾಡಳಿತದವರು, ಒಂದು ನಂಬರು ಕೊಟ್ಟು ಹೂತರು. ಡಿಟೆಕ್ಟಿವ್ ಅವಳನ್ನು ಮತ್ತೆ ಹೊರಗೆ ತೆಗೆಸಿದರು. ಕಿವಿಯ ಹಿಂದಿನ ಗಟ್ಟಿ ಮೂಳೆಯನ್ನು ಕೊರೆದು ಪುಡಿ ಮಾಡಿ ಡಿಎನ್‌ಎ ತೆಗೆಯಬೇಕು. ಮೊದಲ ಪ್ರಯತ್ನ ಕೆಟ್ಟಿತು, ಉಳಿದ ಪುಡಿಯಲ್ಲಿ ಎರಡನೆಯದು ಹೇಗೋ ಆಯಿತು. ಇನ್ನೊಂದಕ್ಕೆ ಪುಡಿ ಉಳಿದಿರಲಿಲ್ಲ. ಫಲಿತಾಂಶ ದಕ್ಷಿಣ ಭಾರತ ಎಂದಿತು. ಆಗ ಫೈಲು ನನಗೆ ಬಂತು. ನನಗೇ ಯಾಕೆ ಎಂದು ಯಾರೂ ಹೇಳಲಿಲ್ಲ, ನಾನೂ ಕೇಳಲಿಲ್ಲ.

ಡಿಟೆಕ್ಟಿವ್ ಪ್ರತಿ ಸೋಮವಾರ ಫೋನ್ ಮಾಡುತ್ತಿದ್ದರು. ನಿಧಾನಕ್ಕೆ ಎಳೆದು ಮಾತಾಡುವ ದಕ್ಷಿಣದ ಮನುಷ್ಯ. ಅವರ ತರ್ಕ ಸರಳವಾಗಿತ್ತು. ಇವಳು ಕಾಣೆಯಾದಳೆಂದು ಯಾರೂ ದೂರು ಕೊಟ್ಟಿಲ್ಲ. ದೂರು ಕೊಡಬೇಕಾಗಿದ್ದೂ ಕೊಡದೆ ಇದ್ದವನು ಒಬ್ಬನಿದ್ದಾನೆ. ಇವಳ ಹೆಸರು ಸಿಕ್ಕಿದರೆ ಅವನ ಮನೆಯ ಬಾಗಿಲು ಸಿಗುತ್ತದೆ. ಆಮೇಲೆ ಅವರು ಮೆಲ್ಲಗೆ ಸೇರಿಸುತ್ತಿದ್ದರು: ಅವನಿಗೂ ಈಗ ನನ್ನಷ್ಟೇ ವಯಸ್ಸಾಗಿರುತ್ತದೆ, ನಮ್ಮ ವಯಸ್ಸಿನವರು ಈ ವರ್ಷ ಹೇಗೆ ಹೋಗುತ್ತಿದ್ದಾರೆ ನೋಡುತ್ತಿದ್ದೀಯಲ್ಲ, ಬೇಗ ಮಾಡು.

ಬೇಗ ಮಾಡಲು ಏನಿತ್ತು? ಬಿಳಿಯ ಅಮೆರಿಕನ್ನರ ಪ್ರಕರಣವಾದರೆ ಭಂಡಾರದಲ್ಲಿ ಸಂಬಂಧಿಕರು ಸಾಲುಗಟ್ಟಿ ಬರುತ್ತಾರೆ. ಇವಳಿಗೆ ಬಂದವರು ಬೆರಳೆಣಿಕೆ, ಅವರೂ ಎಷ್ಟೋ ತಲೆಮಾರು ಆಚೆಯವರು. ನಮ್ಮ ಜನ ಡಿಎನ್‌ಎ ಪರೀಕ್ಷೆಗೆ ಎಂಜಲು ಕೊಟ್ಟು ಅಜ್ಜನನ್ನು ಹುಡುಕುವುದಿಲ್ಲ. ಅಜ್ಜ ಯಾರೆಂದು ನಮಗೆ ಗೊತ್ತು ಎಂದುಕೊಂಡಿರುತ್ತೇವೆ. ಇದ್ದವರಲ್ಲಿ ಹತ್ತಿರದ ಖಾತೆಯಲ್ಲಿ ಹೆಸರೇ ಇರಲಿಲ್ಲ, ಬರೀ ಎರಡು ಅಕ್ಷರ. ಬರೆದ ಮೇಲ್‌ಗಳಿಗೆ ಉತ್ತರ ಬರಲಿಲ್ಲ.

ಹೀಗಾಗಿ ನಾನು ಅವಳ ಡಿಎನ್‌ಎಯನ್ನೇ ಮತ್ತೆ ಮತ್ತೆ ನೋಡಿದೆ. ಅಪ್ಪನಿಂದ ಬಂದ ತುಣುಕೂ ಅಮ್ಮನಿಂದ ಬಂದ ತುಣುಕೂ ಒಂದೇ ಆಗಿರುವ ಕಡೆ ತಂತ್ರಾಂಶ ಒಂದು ನೀಲಿ ಪಟ್ಟೆ ಎಳೆಯುತ್ತದೆ. ಅಪ್ಪ ಅಮ್ಮ ರಕ್ತಸಂಬಂಧಿಗಳಾದರೆ ಪಟ್ಟೆಗಳು ಹೆಚ್ಚು. ಇವಳಲ್ಲಿ ಒಟ್ಟು ಎಂಟರಲ್ಲಿ ಒಂದು ಪಾಲಿನಷ್ಟು ಪಟ್ಟೆಗಳಿದ್ದವು. ಝೂಮ್ ಮೀಟಿಂಗಿನಲ್ಲಿ ಅದನ್ನು ನೋಡಿದ ನಮ್ಮ ಮೇಲಧಿಕಾರಿ ಮುಖ ಕಿವುಚಿದಳು. ಮನೆಯೊಳಗಿನ ದೌರ್ಜನ್ಯದಿಂದ ಹುಟ್ಟಿದ ಮಗು ಇರಬೇಕು, ಆ ದಿಕ್ಕಿನಲ್ಲಿ ಹುಡುಕು ಎಂದಳು.

ನಾನು ಸ್ಕ್ರೀನ್ ಶೇರ್ ಮಾಡಿ ಇನ್ನೊಂದು ಪಟ್ಟೆಗಳ ಚಿತ್ರವನ್ನು ಇವಳ ಚಿತ್ರದ ಪಕ್ಕಕ್ಕಿಟ್ಟೆ. ಎರಡೂ ಹೆಚ್ಚುಕಡಿಮೆ ಒಂದೇ ಥರ ಇದ್ದವು. ಇದು ಯಾವ ಪ್ರಕರಣ ಎಂದು ಅವಳು ಕೇಳಿದಳು. ಇದು ನಾನು ಎಂದೆ. ನನ್ನ ಅಪ್ಪ ನನ್ನ ಅಮ್ಮನ ಸೋದರಮಾವ. ಮೈಸೂರಿನ ಛತ್ರದಲ್ಲಿ ಓಲಗ ಊದಿಸಿ, ಊರಿಗೆಲ್ಲ ಊಟ ಹಾಕಿ ಮಾಡಿದ ಮದುವೆ. ಮೇಲಧಿಕಾರಿ ಮುಂದಿನ ಪ್ರಕರಣಕ್ಕೆ ಹೋದಳು. ನನಗೆ ಒಳಗೊಳಗೇ ಖುಷಿಯಾಯಿತು ಎಂದು ಈಗ ಅನಿಸುತ್ತದೆ, ಆಗ ಏನನಿಸಿತೋ ತಿಳಿಯದು.

ಅಲ್ಲಿಂದ ಕೆಲಸ ಓಡಿತು. ಸೋದರಮಾವನನ್ನು ಮದುವೆಯಾಗುವ ಜನ ಯಾರು? ದಕ್ಷಿಣದ ಹಿಂದೂಗಳು. ಮುಸ್ಲಿಮರಲ್ಲಿ ಅದು ನಿಷಿದ್ಧ, ಅದು ನನಗೆ ಗೊತ್ತಿತ್ತು. ಆದ್ದರಿಂದ ಮುಸ್ಲಿಂ ಕುಟುಂಬಗಳನ್ನು ಪೂರ್ತಿ ಕೈಬಿಟ್ಟೆ. ತೊಂಬತ್ತರ ದಶಕದಲ್ಲಿ ಆ ಸೇತುವೆಯ ಆಚೀಚೆ, ಅಟ್ಲಾಂಟಾದಿಂದ ಶಾರ್ಲೆಟ್‌ವರೆಗೆ ಇದ್ದ ಕನ್ನಡ, ತೆಲುಗು, ತಮಿಳು ಮನೆಗಳನ್ನು ಒಂದೊಂದಾಗಿ ಹಿಡಿದೆ. ಕನ್ನಡ ಕೂಟದ ಹಿರಿಯರಿಗೆ ಫೋನ್ ಮಾಡಿದೆ. ಯಾರಿಗೂ ಯಾರೂ ಕಾಣೆಯಾದ ನೆನಪಿರಲಿಲ್ಲ. ಕೊನೆಗೆ ಮೇರಿಲ್ಯಾಂಡಿನಲ್ಲಿ ಒಬ್ಬ ಅಣ್ಣ ಸಿಕ್ಕಿದ. ಅಟ್ಲಾಂಟಾದಲ್ಲಿ ಮದುವೆಯಾಗಿದ್ದ ಅವನ ತಂಗಿ ಆ ವರ್ಷಗಳಲ್ಲೇ ಪತ್ತೆಯಿಲ್ಲದಂತಾಗಿದ್ದಳು. ಅವರ ಅಪ್ಪ ಅಮ್ಮನೂ ಮಾವ ಮತ್ತು ಅಕ್ಕನ ಮಗಳು. ಅವನು ಫೋನಿನಲ್ಲೇ ಅತ್ತ. ನಾನು ಕಳಿಸಿದ ಪರೀಕ್ಷೆಯ ಕಿಟ್ ತಲುಪಿದ ದಿನವೇ ಟ್ಯೂಬಿಗೆ ಎಂಜಲು ತುಂಬಿಸಿ ಕಳಿಸಿದ.

ಡಿಸೆಂಬರ್, ಜನವರಿ, ಫೆಬ್ರವರಿ. ಲ್ಯಾಬುಗಳಲ್ಲಿ ಜನವಿರಲಿಲ್ಲ, ಇದ್ದವರು ಕೋವಿಡ್ ಟೆಸ್ಟುಗಳಲ್ಲಿ ಮುಳುಗಿದ್ದರು. ನಾನು ಕಾಯುತ್ತ ಆ ತಂಗಿಯ ವಂಶವೃಕ್ಷವನ್ನು ಪೂರ್ತಿ ಕಟ್ಟಿದೆ. ಅವಳಿಗೆ ಒಂದು ಮುಖವನ್ನೂ ಕೊಟ್ಟಿದ್ದೆ.

ಫಲಿತಾಂಶದಲ್ಲಿ ಇಬ್ಬರಿಗೂ ಯಾವ ಸಂಬಂಧವೂ ಇರಲಿಲ್ಲ.

ಅದಾದ ಸ್ವಲ್ಪ ದಿನಕ್ಕೆ ಗುರುತಿಲ್ಲದ ನಂಬರಿನಿಂದ ಫೋನ್ ಬಂತು. ಆ ಕಡೆ ಕನ್ನಡ. ನಾನು ಮೂರು ತಿಂಗಳು ಮೂಳೆಯೆಂದು ನಂಬಿದ್ದ ಹೆಂಗಸು ಮಾತಾಡುತ್ತಿದ್ದಳು.

"ನನ್ನ ಅಣ್ಣಂಗೆ ನೀವೇ ಅಲ್ವಾ ಹೇಳಿದ್ದು, ನಾನು ಸತ್ತಿರಬಹುದು ಅಂತ?"

ಇರಬಹುದು ಎಂದಷ್ಟೇ ಹೇಳಿದ್ದೆ ಎಂದೆ.

"ಅಷ್ಟು ಸಾಕಾಯ್ತು ಅವನಿಗೆ. ಮೂಳೆ ನನ್ನದಲ್ಲ ಅಂತ ಗೊತ್ತಾದ್ಮೇಲೆ ಹದಿನೈದು ದಿನ ಇಂಟರ್ನೆಟ್‌ನಲ್ಲೇ ಕೂತು ನನ್ನ ಹುಡುಕಿದ್ದಾನೆ. ಬಾಗ್ಲಿಗೆ ಬಂದ. ಈಗ ನನ್ನ ಹಳೇ ಗಂಡನಿಗೂ ಅಡ್ರೆಸ್ ಹೋಗಿರತ್ತೆ. ಇಪ್ಪತ್ತೈದು ವರ್ಷ ಕಷ್ಟಪಟ್ಟು ಸತ್ತಂಗಿದ್ದೆ ಕಣ್ರೀ. ಯಾವ ತೊಂದ್ರೇನೂ ಇರ್ಲಿಲ್ಲ."

ಅವಳು ಬೈಯಲಿಲ್ಲ. ಇನ್ನು ಮುಂದೆ ಬದುಕಿರುವವರನ್ನು ಹುಡುಕಬೇಡಿ ಎಂದು ಹೇಳಿ ಫೋನ್ ಇಟ್ಟಳು. ಮರುದಿನ ಆ ನಂಬರು ಇರಲಿಲ್ಲ. ಡಿಟೆಕ್ಟಿವ್‌ಗೆ ಹೇಳಿದಾಗ ಅವರು, ಒಳ್ಳೆಯದು, ಒಬ್ಬಳಾದರೂ ಬದುಕಿದ್ದಾಳಲ್ಲ ಎಂದರು. ನನ್ನ ಸೇತುವೆಯ ಹುಡುಗಿ ಇನ್ನೂ ಬಾಕಿ ಇದ್ದಾಳೆ ಎಂದೂ ಹೇಳಿದರು. ನಾನು ಪ್ರಕರಣ ವಾಪಸು ಕೊಡುತ್ತೇನೆಂದು ಮೇಲಧಿಕಾರಿಗೆ ಬರೆದು, ಆ ಮೇಲ್ ಕಳಿಸಲಿಲ್ಲ. ನನ್ನ ಬದಲು ಅದನ್ನು ತೆಗೆದುಕೊಳ್ಳುವವರು ಯಾರೂ ಇರಲಿಲ್ಲ. ಫೈಲು ಮತ್ತೆ ಕಪಾಟು ಸೇರುತ್ತಿತ್ತು.

ಏಪ್ರಿಲ್‌ನಲ್ಲಿ ಲಸಿಕೆಯಾದ ಮೇಲೆ ಮೇರಿಲ್ಯಾಂಡಿನ ಎಲಿಕಾಟ್ ಸಿಟಿಗೆ ಹೋದೆ. ಅಲ್ಲಿ ನನ್ನ ಗೆಳತಿ ಹಲ್ಲಿನ ಡಾಕ್ಟರು. ಮೈಸೂರಿನಲ್ಲಿ ಒಂದೇ ಸ್ಕೂಲು, ಒಂದೇ ಬೆಂಚು. ರಂಜಾನ್ ತಿಂಗಳು, ಉಪವಾಸವಿದ್ದ ಅವಳು ನನಗೆ ಮಾತ್ರ ಚಹಾ ಮಾಡಿ ಹಿತ್ತಲಲ್ಲಿ ಕೂರಿಸಿದಳು. ಕೆಲಸದ ವಿಷಯ ಹೊರಗೆ ಆಡಬಾರದು. ಆದರೂ ಹೆಸರು, ಊರು ಬಿಟ್ಟು ಎಲ್ಲವನ್ನೂ ಹೇಳಿದೆ. ಪಟ್ಟೆಗಳು, ಎಂಟರಲ್ಲಿ ಒಂದು ಪಾಲು, ಸೋದರಮಾವ.

"ಅಂದ್ರೆ ನಮ್ಮೋರನ್ನ ನೋಡ್ಲೇ ಇಲ್ಲ ನೀನು?"

"ನಿಮ್ಮಲ್ಲಿ ಮಾವನ್ನ ಮದುವೆ ಆಗಲ್ವಲ್ಲೇ."

"ಛೀ, ಹರಾಮ್. ಮಾವ ಅಂದ್ರೆ ಅಪ್ಪನ ಥರ." ಅವಳು ನಕ್ಕಳು. "ಚಿಕ್ಕಪ್ಪನ ಮಗನ್ನ ಆಗ್ತೀವಿ ಅಂದ್ರೆ ನೀವು ಛೀ ಅಂತೀರಾ. ಅಣ್ಣ ಅವನು ಅಂತೀರಾ. ಸ್ಕೂಲಲ್ಲಿ ಇದಕ್ಕೇ ಒಂದ್ಸಲ ಜಗಳ ಆಡಿದ್ವಿ, ನೆನಪಿದ್ಯಾ?"

ನನಗೆ ನೆನಪಿರಲಿಲ್ಲ. ಕಸಿನ್ ಮದುವೆ ಲೆಕ್ಕಕ್ಕೆ ಸಾಲುವುದಿಲ್ಲ ಎಂದು ವಿವರಿಸಿದೆ. ಅದರಲ್ಲಿ ಪಟ್ಟೆಗಳು ಇದರ ಅರ್ಧ ಬರಬೇಕು. ಅವಳು ಸ್ವಲ್ಪ ಯೋಚಿಸಿ, ತನ್ನ ಅಪ್ಪ ಅಮ್ಮನ ಕಥೆ ಹೇಳಿದಳು. ಅಣ್ಣ ತಮ್ಮ ಇಬ್ಬರಿಗೆ ಒಂದೇ ಮನೆಯ ಅಕ್ಕ ತಂಗಿಯರನ್ನು ತಂದರು. ಹೆಣ್ಣುಮಕ್ಕಳು ಒಂದೇ ಮನೆಯಲ್ಲಿದ್ದರೆ ಹೊಂದಿಕೊಂಡಿರುತ್ತಾರೆ ಎಂದು. ಆಮೇಲೆ ಅಣ್ಣನ ಮಗನಿಗೂ ತಮ್ಮನ ಮಗಳಿಗೂ ಮದುವೆ ಮಾಡಿದರು. "ನಮ್ಮ ಅಬ್ಬಾಗೂ ಅಮ್ಮೀಗೂ ಅಜ್ಜ ಅಜ್ಜೀರು ನಾಲ್ಕೂ ಜನ ಒಬ್ರೇ. ನಮ್ಮ ಬೀದೀಲಿ ಇದೇನು ದೊಡ್ಡ ವಿಷಯ ಅಲ್ಲ."

ನಾನು ಪೇಪರ್ ನ್ಯಾಪ್ಕಿನ್ ಮೇಲೆ ಗೆರೆ ಎಳೆದೆ. ಅಪ್ಪಂದಿರು ಅಣ್ಣ ತಮ್ಮ ಎಂದು ಒಂದರ್ಧ, ಅಮ್ಮಂದಿರು ಅಕ್ಕ ತಂಗಿ ಎಂದು ಇನ್ನೊಂದರ್ಧ, ಕೂಡಿದರೆ ಸೋದರಮಾವನ ಲೆಕ್ಕವೇ. ಎಂಟರಲ್ಲಿ ಒಂದು ಪಾಲು. ಹೊಸ ಡಿಎನ್‌ಎ ಆಗಿದ್ದರೆ ಪಟ್ಟೆಗಳ ಉದ್ದ ನೋಡಿ ಎರಡನ್ನೂ ಬೇರೆ ಮಾಡಬಹುದಿತ್ತೋ ಏನೋ. ನೆಲದಲ್ಲಿ ಕರಗಿದ ಮೂಳೆಯದ್ದರಲ್ಲಿ ಆಗುತ್ತಿರಲಿಲ್ಲ. ನನ್ನ ಮೇಲಧಿಕಾರಿ ಆ ಪಟ್ಟೆಗಳಲ್ಲಿ ಒಂದು ಅಪರಾಧ ನೋಡಿದ್ದಳು. ನಾನು ನನ್ನ ಮನೆ ನೋಡಿದ್ದೆ.

ಆದರೂ ಹುಡುಕುವುದು ಹೇಗೆ? ಮುಸ್ಲಿಂ ಮನೆಗಳಲ್ಲಿ ಯಾರಾದರೂ ಕಾಣೆಯಾಗಿದ್ದಾರಾ ಎಂದು ಕೇಳಿಕೊಡು ಎಂದೆ. ಗೆಳತಿ ಇಲ್ಲವೆಂದು ತಲೆಯಾಡಿಸಿದಳು.

"ಕಾಣೆಯಾದೋರು ಯಾರೂ ಇಲ್ಲ ಕಣೇ. ನಿಮ್ಮಲ್ಲೂ ಇಲ್ಲ, ನಮ್ಮಲ್ಲೂ ಇಲ್ಲ. ಓಡಿಹೋದೋರು ಇದ್ದಾರೆ. ಓಡಿಹೋದ್ಲು ಅಂದ್ಮೇಲೆ ಯಾವ ಮನೇಲಿ ಹುಡುಕ್ತಾರೆ ಹೇಳು? ಹೆಸರೇ ಎತ್ತಲ್ಲ."

ಆ ಮಾತು ಸರಿ ಎಂದು ಕೇಳಿದ ಕೂಡಲೇ ಗೊತ್ತಾಯಿತು. ಹೆದರಿಕೆಯೂ ಆಯಿತು. ಓಡಿಹೋದವರನ್ನು ಕೇಳುತ್ತ ಹೊರಟರೆ ಫೋನಿನ ಆ ಹೆಂಗಸಿನಂಥವರು ಇನ್ನೆಷ್ಟು ಜನ ಸಿಕ್ಕಿಬೀಳುತ್ತಾರೋ. ನಾವು ಮಾಡುವ ಕ್ರಮ ಎಂದರೆ ಮೊದಲು ಹೆಸರುಗಳು, ಕಥೆಗಳು, ದಾಖಲೆಗಳು. ಕೊನೆಗೆ ಖಚಿತಪಡಿಸಲು ಎಂಜಲು. ನಾನು ಅದನ್ನು ತಿರುಗುಮುರುಗು ಮಾಡಲು ನಿರ್ಧರಿಸಿದೆ. ಹೆಸರು ಕೇಳುವುದಿಲ್ಲ. ಕಥೆ ಕೇಳುವುದಿಲ್ಲ. ಎಂಜಲು ಕೊಡುವವರು ಕೊಡಲಿ. ಸಂಬಂಧ ಬರದಿದ್ದರೆ ಅವರ ಮನೆಯ ಗುಟ್ಟು ಅವರ ಮನೆಯಲ್ಲೇ ಇರಲಿ. ಮೇಲಧಿಕಾರಿ ಇದು ಕುರುಡರ ಕೆಲಸ ಎಂದಳು. ಡಿಟೆಕ್ಟಿವ್ ಮಾತ್ರ ಆಯಿತು, ನಾನು ಜೊತೆಗೆ ಬರುವುದಿಲ್ಲ, ಪೊಲೀಸರನ್ನು ಕಂಡರೆ ಯಾರೂ ಬಾಯಿ ತೆರೆಯುವುದಿಲ್ಲ ಎಂದರು.

ಎಂಜಲು ಕೇಳಲು ರಂಜಾನ್‌ನಲ್ಲೇ ಹೋಗೋಣವೆಂದೆ. "ಬಾಯಿ ಒಣಗಿರತ್ತೆ, ಟ್ಯೂಬು ತುಂಬಲ್ಲ" ಎಂದು ಹಲ್ಲಿನ ಡಾಕ್ಟರು ಹೇಳಿದಳು. ಹಬ್ಬ ಕಳೆದ ಮೇಲೆ ಇಬ್ಬರೂ ಅವಳ ಕಾರಿನಲ್ಲಿ ಡುಲುತ್‌ಗೆ ಹೊರಟೆವು. ಅಟ್ಲಾಂಟಾದ ಪಕ್ಕದ ಆ ಊರಿನಲ್ಲಿ ಅವಳ ಕಸಿನ್ ಮನೆಯಲ್ಲಿ ಹೆಂಗಸರು ಸೇರುವವರಿದ್ದರು. ದಾರಿಯಲ್ಲಿ ಸೌತ್ ಕ್ಯಾರೊಲಿನಾ ಬಂದಾಗ ಅವಳು ಸೇತುವೆ ತೋರಿಸು ಎಂದಳು. ನಾನೂ ಅದನ್ನು ಫೋಟೋದಲ್ಲಿ ಮಾತ್ರ ನೋಡಿದ್ದೆ. ಬಳ್ಳಿ ಮತ್ತೆ ಬೆಳೆದಿತ್ತು, ನೆಲ ಕಾಣುತ್ತಿರಲಿಲ್ಲ. ಗೆಳತಿ ದುಪಟ್ಟಾ ತಲೆಗೆಳೆದುಕೊಂಡು ಕೈಯೆತ್ತಿ, ಸ್ವಲ್ಪ ತಡೆದು, ಹೆಸರಿಲ್ಲದೆ ಯಾರಿಗೇಂತ ದುವಾ ಮಾಡೋದು ಎಂದು ನನ್ನನ್ನು ಕೇಳಿದಳು. ಲಾರಿಗಳ ಸದ್ದಿನಲ್ಲಿ ನಾನು ಏನು ಹೇಳಿದೆನೋ. ಅವಳು ಮಾಡಿದಳು.

ಡುಲುತ್‌ನ ಆ ಮನೆಯಲ್ಲಿ ಕೆಲಸ ಸುಲಭವಾಗಲಿಲ್ಲ. ಪೊಲೀಸರಿಗೆ ನಮ್ಮ ಎಂಜಲು ಕೊಡಬೇಕಾ, ನಾಳೆ ನನ್ನ ಮಗನ ಮೇಲೆ ಏನಾದರೂ ಹಾಕಿದರೆ ಎಂದು ಒಬ್ಬರು ಕೇಳಿದರು. ವೀಸಾಗೆ ತೊಂದರೆ ಆಗುತ್ತದಾ ಎಂದು ಇನ್ನೊಬ್ಬರು. ಇಲ್ಲೇ ಹುಟ್ಟಿದ ಒಬ್ಬ ಕಾಲೇಜು ಹುಡುಗಿ, ಒಪ್ಪಿಗೆ ಹಿಂತೆಗೆದುಕೊಂಡರೆ ನಿಜವಾಗಿ ಅಳಿಸುತ್ತೀರಾ ಎಂದು ಇಂಗ್ಲಿಷಿನಲ್ಲಿ ಕೇಳಿದಳು. ಅಳಿಸುತ್ತೇವೆ ಎಂದೆ. ನಕಲುಗಳು ಎಲ್ಲೆಲ್ಲಿರುತ್ತವೆ ಎಂದು ಕೇಳಿದಾಗ ಅದು ನನಗೂ ಪೂರ್ತಿ ಗೊತ್ತಿಲ್ಲ ಎಂದೆ. ಕಿಟ್‌ಗಳನ್ನು ಮೇಜಿನ ಮೇಲಿಟ್ಟು, ಯಾರೂ ನನಗೆ ಏನೂ ಹೇಳಬೇಡಿ ಎಂದು ಕೇಳಿಕೊಂಡು ಎದ್ದೆ. ನಾನು ಇರುವಷ್ಟು ಹೊತ್ತು ಅವುಗಳನ್ನು ಯಾರೂ ಮುಟ್ಟಲಿಲ್ಲ.

ಕಾರಿನ ಹತ್ತಿರ ಒಬ್ಬ ಹೆಂಗಸು ಹಿಂದೆಯೇ ಬಂದರು. ಅರವತ್ತರ ಆಸುಪಾಸು, ಮಾಸ್ಕಿನ ಮೇಲೆ ಚೂಪು ಕಣ್ಣು. ಗೆಳತಿ ಅವರನ್ನು ಆಪಾ ಎಂದು ಕರೆದಳು, ನಾನೂ ಹಾಗೇ ಕರೆದೆ. ಮೈಸೂರಿನ ಮಂಡಿ ಮೊಹಲ್ಲಾದವರು, ಈಗ ಡುಲುತ್‌ನಲ್ಲಿ ಮಗನ ಮನೆಯಲ್ಲಿದ್ದಾರೆ. ಅವರ ಕೈಯಲ್ಲಿ ಕಿಟ್ ಇತ್ತು.

"ನಮ್ಮವಳೊಬ್ಬಳು ಓಡಿಹೋದವಳು ಇದ್ದಾಳೆ," ಎಂದರು. "ನನ್ನ ತಂಗಿ."

ಹೇಳಬೇಡಿ ಆಪಾ ಎಂದೆ.

"ಹೇಳ್ತೀನಿ. ಸತ್ತಿಲ್ಲ ಅವಳು. ಯಾರ ಜೊತೇಗೋ ಹೋದ್ಲು, ಎಲ್ಲೋ ಆರಾಮಾಗಿದ್ದಾಳೆ. ಮನೆ, ಮಕ್ಕಳು, ಎಲ್ಲಾ ಇರತ್ತೆ. ಅಮ್ಮಿ ಸಾಯೋವಾಗ ಸಹ ಒಂದು ಫೋನ್ ಮಾಡ್ಲಿಲ್ಲ. ನಿಮ್ಮ ಆ ಹುಡುಗಿ ನನ್ನ ತಂಗಿ ಅಲ್ಲ ಅಂತ ನನಗೆ ಒಂದು ಕಾಗದದಲ್ಲಿ ಬರೆದು ಕೊಡ್ತೀರಾ?"

ಬರೆದು ಕೊಡುತ್ತೇವೆ ಎಂದೆ. ಅವರು ಗೆಳತಿಯ ಕಾರಿನ ಹಿಂದಿನ ಸೀಟಿನಲ್ಲಿ ಕೂತು, ಮಾಸ್ಕ್ ಕೆಳಗೆಳೆದು, ಟ್ಯೂಬಿನ ಗೆರೆಯವರೆಗೆ ತುಂಬಿಸಿದರು. ಸಿಟ್ಟಿನಲ್ಲಿ ಉಗುಳಿದಂತೆ ಉಗುಳಿದರು. ನಾನು ಮುಚ್ಚಳ ಹಾಕಿ ಅಲುಗಿಸಿದೆ. ಆ ಎಂಜಲನ್ನು ಅವರು ಕೊಟ್ಟಿದ್ದು ತಂಗಿ ಬದುಕಿದ್ದಾಳೆ ಎಂದು ಸಾಬೀತು ಮಾಡಲು. ಇಷ್ಟು ವರ್ಷದ ಸಿಟ್ಟಿಗೆ ಅರ್ಥ ಉಳಿಯಬೇಕಾದರೆ ತಂಗಿ ಬದುಕಿರಬೇಕಿತ್ತು.

ಜುಲೈನಲ್ಲಿ ಫಲಿತಾಂಶ ಬಂತು. ಸಾಮಾನ್ಯ ಅಕ್ಕ ತಂಗಿಯರಿಗೆ ಹೊಂದಬೇಕಾದ್ದಕ್ಕಿಂತ ಹೆಚ್ಚೇ ಹೊಂದಿತ್ತು. ಅಪ್ಪನಿಗೂ ಅಮ್ಮನಿಗೂ ಅಜ್ಜ ಅಜ್ಜಿಯರು ನಾಲ್ವರೂ ಒಬ್ಬರೇ ಆದ ಮನೆಯಲ್ಲಿ ಹಾಗೇ ಆಗುತ್ತದೆ. ಮರ ಹತ್ತಿ ಇಳಿಯುವ ಕೆಲಸವೇ ಇರಲಿಲ್ಲ. ಡಿಟೆಕ್ಟಿವ್‌ಗೆ ಫೋನ್ ಮಾಡಿ, ಆಪಾ ಕಿಟ್ ಜೊತೆ ಚೀಟಿಯಲ್ಲಿ ಬರೆದುಕೊಟ್ಟಿದ್ದ ತಂಗಿಯ ಹೆಸರು ಹೇಳಿದೆ. ಅವರು ಅದನ್ನು ಎರಡು ಸಲ ತಪ್ಪಾಗಿ ಉಚ್ಚರಿಸಿ, ಮೂರನೆಯ ಸಲ ಸರಿಯಾಗಿ ಹೇಳಿದರು. ಆಮೇಲೆ ಗಂಡನ ಹೆಸರು ಕೇಳಿದರು, ಅದೂ ಆ ಚೀಟಿಯಲ್ಲಿತ್ತು.

ಗಂಡ ಅದೇ ಮನೆತನದವನು, ಚಿಕ್ಕಪ್ಪನ ಮಗ. ಆ ದಿನಗಳಲ್ಲಿ ಸೇತುವೆಯಿಂದ ದೂರವಲ್ಲದ ಊರಿನ ಬಟ್ಟೆ ಗಿರಣಿಯಲ್ಲಿ ಬಣ್ಣ ಪರೀಕ್ಷೆ ಮಾಡುವ ಎಂಜಿನಿಯರ್. ಹೆಂಡತಿ ಓಡಿಹೋದಳು ಎಂದು ಮೈಸೂರಿಗೆ ಫೋನ್ ಮಾಡಿ ಹೇಳಿದವನು ಅವನು. ಗಿರಣಿ ಮುಚ್ಚಿದ ಮೇಲೆ ಡುಲುತ್ ಕಡೆಗೆ ಬಂದು ನೆಲೆಸಿದ. ಮತ್ತೆ ಮದುವೆಯಾಗಲಿಲ್ಲ. ಅದೇ ಸಂಜೆ ಡಿಟೆಕ್ಟಿವ್ ವಾಪಸು ಫೋನ್ ಮಾಡಿದರು. ಅವನು ಫೆಬ್ರವರಿಯಲ್ಲಿ ಕೋವಿಡ್‌ನಿಂದ ಸತ್ತಿದ್ದ.

ಫೆಬ್ರವರಿಯಲ್ಲಿ ನಾನು ಏನು ಮಾಡುತ್ತಿದ್ದೆ ಎಂದು ನೋಡಿಕೊಂಡೆ. ಬದುಕಿದ್ದ ಒಬ್ಬ ಹೆಂಗಸಿನ ವಂಶವೃಕ್ಷ ಕಟ್ಟುತ್ತಿದ್ದೆ. ಮೊದಲೇ ಸರಿಯಾದ ಕಡೆ ನೋಡಿದ್ದರೆ ಅವನು ಬದುಕಿರುವಾಗ ಬಾಗಿಲು ತಟ್ಟಬಹುದಿತ್ತು ಎಂದು ನಾನು ಡಿಟೆಕ್ಟಿವ್‌ಗೆ ಹೇಳಿದೆ. ಅವರು ಅಲ್ಲವೆನ್ನಲಿಲ್ಲ. ನಾನೂ ಕೌಂಟಿಯೂ ಇಪ್ಪತ್ತೈದು ವರ್ಷ ತಡಮಾಡಿದೆವು, ನೀನೂ ಸಾಲಿನಲ್ಲಿ ನಿಲ್ಲು ಎಂದರು. ಸಮಾಧಾನಕ್ಕೆ ಹೇಳಿದ್ದೋ ನಿಜಕ್ಕೇ ಹೇಳಿದ್ದೋ ತಿಳಿಯಲಿಲ್ಲ.

ಆಪಾಗೆ ಸುದ್ದಿ ಹೇಳುವುದು ನಿಯಮದಂತೆ ಪೊಲೀಸರ ಕೆಲಸ. ಭಾಷೆಗೆಂದು ನನ್ನನ್ನೂ ಕರೆದರು. ಡಿಟೆಕ್ಟಿವ್ ಟೋಪಿ ಕೈಯಲ್ಲಿ ಹಿಡಿದು ಸೋಫಾದ ತುದಿಯಲ್ಲಿ ಕೂತು ಒಂದೊಂದೇ ವಾಕ್ಯ ಹೇಳಿದರು, ನಾನು ಕನ್ನಡಕ್ಕೆ ತಂದೆ. ಕತ್ತಿನ ಮೂಳೆಯ ವಾಕ್ಯ ಬಂದಾಗ ಅನುವಾದ ನಿಲ್ಲಿಸಿದೆ. ಆಪಾ ಕೈ ಎತ್ತಿ, ಅಷ್ಟು ಇಂಗ್ಲಿಷ್ ನನಗೆ ಬರುತ್ತೆ ಎಂದರು. ಆಮೇಲೆ ಅವರು ಆಡಿದ ಮೊದಲ ಮಾತು ತಂಗಿಯ ಬಗ್ಗೆ ಇರಲಿಲ್ಲ, ಅವಳ ಗಂಡನ ಬಗ್ಗೆ ಇತ್ತು.

"ಪ್ರತಿ ಈದ್‌ಗೂ ಅವನಿಗೆ ಬಿರಿಯಾನಿ ಕಟ್ಟಿ ಕಳಿಸ್ತಿದ್ದೆ ನಾನು. ಪಾಪ, ನಮ್ಮ ಹುಡುಗಿ ಅವನಿಗೆ ಹಿಂಗೆ ಮಾಡಿದ್ಲಲ್ಲಾ ಅಂತ ನಾಚಿಕೆಗೆ. ಅವನ ಜನಾಝಾ ನಮಾಜು ಝೂಮಲ್ಲಿ ಹಾಕಿದ್ರು. ಅತ್ತೆ. ಇದೇ ಸೋಫಾ ಮೇಲೆ ಕೂತ್ಕೊಂಡು ಅತ್ತೆ."

ಅವನೇ ಕೊಂದ ಎಂದು ನಾನು ಇಲ್ಲಿ ಬರೆಯುತ್ತಿಲ್ಲ. ಅವನು ಹುಡುಕಲಿಲ್ಲ, ಓಡಿಹೋದಳು ಎಂದ, ಇಷ್ಟು ಗೊತ್ತಿದೆ. ಸತ್ತವನ ಮೇಲೆ ಮೊಕದ್ದಮೆ ಹಾಕಲಾಗುವುದಿಲ್ಲ. ಪತ್ರಿಕಾ ಹೇಳಿಕೆಯಲ್ಲಿ ಅವನ ಹೆಸರು ತರಬೇಡಿ ಎಂದು ಕೌಂಟಿಯ ವಕೀಲರು ಹೇಳಿದರು. ಅವನ ತಮ್ಮಂದಿರು ಆಪಾಗೂ ದಾಯಾದಿಗಳು. ಆಪಾ ಅವರ ಮಗ, ಪ್ರೂಫ್ ಇಲ್ಲದೆ ಯಾರ ಮುಂದೆಯೂ ಬಾಯಿ ಬಿಡಬೇಡಿ ಅಮ್ಮಿ ಎಂದು ಕೈಮುಗಿದ. ಆದ್ದರಿಂದ ಪತ್ರಿಕೆಗೆ ಹೋದದ್ದು ಇಷ್ಟೇ: ಗುರುತು ಸಿಕ್ಕಿದೆ, ಕುಟುಂಬಕ್ಕೆ ತಿಳಿಸಲಾಗಿದೆ, ಪ್ರಕರಣ ಮುಚ್ಚಲಾಗಿದೆ. ಡುಲುತ್‌ನಲ್ಲಿ ಜನ ಅದನ್ನು ತಮಗೆ ಬೇಕಾದಂತೆ ಓದಿಕೊಂಡರು. ಓಡಿಹೋದಳು, ಜೊತೆಗೆ ಹೋದವನು ಕೊಂದು ಬಿಸಾಕಿದ.

ಹೇಳಿಕೆಯಲ್ಲಿ ಅವಳ ಬಗ್ಗೆ ಒಂದೆರಡು ಒಳ್ಳೆಯ ಸಾಲು ಬೇಕು ಎಂದು ಕೌಂಟಿ ಪೊಲೀಸರ ಶೆರಿಫ್ ಕಚೇರಿಯವರು ಕೇಳಿದ್ದರು. ಅವರೇ ಬರೆದುಕೊಂಡಿದ್ದ ಸಾಲು ಹೀಗಿತ್ತು: ಎಲ್ಲರನ್ನೂ ಪ್ರೀತಿಸುವವಳು, ಸದಾ ನಗುಮುಖದವಳು. ಆಪಾ ಅದನ್ನು ಓದಿಸಿಕೊಂಡು, ಇದು ಯಾರು ಎಂದರು. ತಂಗಿ ಜಗಳಗಂಟಿ. ಸುಳ್ಳು ಬಹಳ ಹೇಳುತ್ತಿದ್ದಳು. ರೇಡಿಯೋ ಜೊತೆ ಹಾಡುತ್ತಿದ್ದಳು, ಶ್ರುತಿ ಇಲ್ಲದೆ. ಎಡ ಮೊಣಕಾಲಲ್ಲಿ ಸೈಕಲ್ಲಿನಿಂದ ಬಿದ್ದ ಗಾಯದ ಗುರುತಿತ್ತು. ಮುಂದಿನ ವಾರ ಫೋನ್ ಮಾಡಿ, ಸೈಕಲ್ಲಿನಿಂದ ಬಿದ್ದಿದ್ದು ತಾನು ಎಂದರು. ಅಮೆರಿಕಕ್ಕೆ ಹೊರಟ ದಿನ ತಂಗಿ ಕೇಳದೆ ತನ್ನ ಹಸಿರು ದುಪಟ್ಟಾ ಎತ್ತಿಕೊಂಡು ಹೋದಳು ಎಂದರು. ಇದನ್ನು ಮೂರು ಸಲ ಹೇಳಿದರು, ಮೂರೂ ಸಲ ಹಸಿರು. ಸೇತುವೆಯ ಕೆಳಗೆ ಅವಳ ಜೊತೆ ಒಂದು ಉದ್ದನೆಯ ಬಟ್ಟೆ ಸಿಕ್ಕಿತ್ತು. ಫೈಲಿನಲ್ಲಿ ಅದರ ಬಣ್ಣ ತಿಳಿಯದು ಎಂದಿದೆ. ಅದು ಹಸಿರಾಗಿತ್ತು ಎಂದು ಬರೆಯಲು ನನ್ನ ಕೈ ತುಡಿಯುತ್ತದೆ. ಬಣ್ಣ ತಿಳಿಯದು. ಕೊನೆಗೆ ಹೇಳಿಕೆಯಲ್ಲಿ ಯಾವ ಸಾಲೂ ಹೋಗಲಿಲ್ಲ, ಹೆಸರು ಮಾತ್ರ ಹೋಯಿತು. ಆ ಹೆಸರನ್ನು ಇಲ್ಲಿ ಬರೆಯಬೇಡಿ ಎಂದು ಆಪಾ ಕೇಳಿದ್ದಾರೆ. ಮನೆಯಲ್ಲಿ ಮುನ್ನಿ ಎನ್ನುತ್ತಿದ್ದರು, ಅಷ್ಟು ಬರೆಯಬಹುದಂತೆ.

ಕೌಂಟಿಯವರು ಮೂಳೆಗಳನ್ನು ಬಿಟ್ಟುಕೊಟ್ಟಾಗ ಎಲೆಗಳು ಉದುರಲು ಶುರುವಾಗಿತ್ತು. ಅಟ್ಲಾಂಟಾ ಹೊರವಲಯದ ಸ್ಮಶಾನದಲ್ಲಿ ಮುಸ್ಲಿಮರಿಗೆಂದು ಒಂದು ಭಾಗವಿದೆ. ದಫನ್ನಿಗೆ ಮುಂಚೆ ಜಾಗ ನೋಡಲು ಆಪಾ, ಗೆಳತಿ, ನಾನು ಹೋದೆವು. ಸ್ಮಶಾನ ಕಮಿಟಿಯ ಹಿರಿಯರೊಬ್ಬರು ಕಾಯುತ್ತಿದ್ದರು, ಬೆಂಗಳೂರಿನವರು. ನನಗೂ ತಿಳಿಯಲೆಂದು ಕನ್ನಡದಲ್ಲೇ ಮಾತಾಡಿದರು. ನಮ್ಮನ್ನು ನೇರವಾಗಿ ಒಂದು ಹೊಸ ಗೋರಿಯ ಬಳಿಗೆ ಕರೆದುಕೊಂಡು ಹೋದರು. ಅವನದು. ಪಕ್ಕದಲ್ಲಿ ಹುಲ್ಲು ಕತ್ತರಿಸಿದ ಖಾಲಿ ಜಾಗ.

"ಇದನ್ನೂ ಅವರೇ ತಗೊಂಡಿದ್ರಮ್ಮ. ಹೆಂಡ್ತಿ ಯಾವತ್ತಾದ್ರೂ ವಾಪಸ್ ಬಂದ್ರೆ ಬೇಕಾಗತ್ತೆ ಅಂತ ಎರಡು ಜಾಗ. ಅಂಥ ಮನುಷ್ಯ. ಗಂಡನ ಪಕ್ಕದಲ್ಲೇ ಮಲಗಲಿ, ಇನ್ನೇನಿದೆ."

ಗೆಳತಿ ನನ್ನ ಕೈ ಹಿಡಿದಳು. ನಾನು ಏನಾದರೂ ಹೇಳಬೇಕಿತ್ತು, ಹೇಳಲು ನನಗೆ ಅಧಿಕಾರವಿರಲಿಲ್ಲ. ಆಪಾ ಆ ಖಾಲಿ ಜಾಗವನ್ನೇ ನೋಡುತ್ತ ನಿಂತಿದ್ದರು. ಆಮೇಲೆ ದುಪಟ್ಟಾ ಸರಿಮಾಡಿಕೊಂಡು, ತಲೆ ತಗ್ಗಿಸಿ, ತೀರ ಸಣ್ಣ ದನಿಯಲ್ಲಿ ಹೇಳಿದರು.

"ಬೇಡ ಅಂಕಲ್. ಅವಳು ಓಡಿಹೋದವಳಲ್ವಾ. ಅಂಥ ಮನುಷ್ಯನ ಪಕ್ಕ ಹೆಂಗೆ ಮಲಗಿಸೋದು? ಆ ಬೇಲಿ ಹತ್ರ, ದೂರ ಎಲ್ಲಾದ್ರೂ ಒಂದು ಜಾಗ ಕೊಡಿ."

ಹಿರಿಯರು ಒಂದು ಕ್ಷಣವೂ ಯೋಚಿಸಲಿಲ್ಲ. ಅದೂ ಸರಿ ಅನ್ನಿ ಎಂದು, ನಮ್ಮನ್ನು ಬೇಲಿಯ ಕಡೆಗೆ ಕರೆದುಕೊಂಡು ನಡೆದರು.